ಕಾರಿನ ವಿಮೆ: ಕೆಎ ನಂಬರ್ ಇಟ್ಟುಕೊಂಡವರು ಓದಿ

ಪುಣೆ ಬಳಗದ ಎಲ್ಲರಿಗೂ ನಮಸ್ಕಾರ. "ಹುಬ್ಬಳ್ಳಿಯ ನಮ್ಮ ಅಣ್ಣನ ಕಾರಿಗೆ ವಿಮೆ ಕಡಿಮೆ, ನನಗ್ಯಾಕೆ ಜಾಸ್ತಿ?" ಅಂತ ನಿನ್ನೆ ಒಬ್ಬರು ಕೇಳಿದ್ದರು. ಉತ್ತರ ಇಲ್ಲಿದೆ.

ಥರ್ಡ್ ಪಾರ್ಟಿ ಕಂತು (ನಮ್ಮ ಗಾಡಿಯಿಂದ ಬೇರೆಯವರಿಗೆ ಆಗುವ ಹಾನಿಯ ವಿಮೆ) ದೇಶಕ್ಕೆಲ್ಲ ಒಂದೇ, ಅದನ್ನು ಸರ್ಕಾರ ನಿಗದಿ ಮಾಡುತ್ತದೆ. ಊರಿನ ಲೆಕ್ಕ ಬರುವುದು ಸ್ವಂತ ಹಾನಿಯ ಭಾಗದಲ್ಲಿ, ಅಂದರೆ ನಮ್ಮದೇ ಕಾರಿನ ಹಾನಿಗೆ ಕಟ್ಟುವ ಕಂತಿನಲ್ಲಿ. ಹಳೆಯ ದರಪಟ್ಟಿಯ ಪ್ರಕಾರ ಪುಣೆ, ಮುಂಬೈ, ಬೆಂಗಳೂರು ಸೇರಿ 8 ನಗರಗಳು ಎ ವಲಯ. ಹುಬ್ಬಳ್ಳಿ, ಬೆಳಗಾವಿ ಬಿ ವಲಯ. 1200 ಸಿಸಿಯ ಹೊಸ ಕಾರಿನ ವಿಮಾ ಮೌಲ್ಯ 8 ಲಕ್ಷ ಅನ್ನಿ: ಎ ವಲಯದಲ್ಲಿ ಕಂತು ಅದರ 3.283%, ಅಂದರೆ 26,264 ರೂಪಾಯಿ. ಬಿ ವಲಯದಲ್ಲಿ 3.191%, 25,528 ರೂಪಾಯಿ. ಫರಕು 736, ಅಷ್ಟೇ! 2007ರಿಂದ ಈ ದರ ಕಡ್ಡಾಯವಲ್ಲ, ಒಂದೊಂದು ಕಂಪನಿಯ ರಿಯಾಯಿತಿ ಒಂದೊಂದು ಥರ. ಹಾಗಾಗಿ ನಾಲ್ಕು ಕಡೆ ಕೇಳಿದರೆ ಇದಕ್ಕಿಂತ ಹೆಚ್ಚು ಉಳಿಯಬಹುದು.

ವಲಯ ನೋಡುವುದು ನೋಂದಣಿ ಎಲ್ಲಾಗಿದೆ ಅಂತ. ಹಾಗಂತ 736 ರೂಪಾಯಿ ಆಸೆಗೆ ವರ್ಷಗಟ್ಟಲೆ ಹುಬ್ಬಳ್ಳಿ-ಧಾರವಾಡದ ಕೆಎ 25 ನಂಬರ್ ಇಟ್ಟುಕೊಂಡು ಇಲ್ಲಿ ಓಡಾಡಬೇಡಿ. ಬೇರೆ ರಾಜ್ಯದಲ್ಲಿ 12 ತಿಂಗಳು ಮೀರಿದರೆ ಎಂಎಚ್ (ಮಹಾರಾಷ್ಟ್ರ) ನೋಂದಣಿ ಮಾಡಿಸಲೇಬೇಕು. ಆರ್‌ಸಿ ಬದಲಾದ ಮೇಲೆ ಪಾಲಿಸಿಯಲ್ಲೂ ನಂಬರ್, ವಿಳಾಸ ತಿದ್ದಿಸಿ. ನಾನು ಮರೆತಿದ್ದೆ. ಬಂಪರ್ ಕ್ಲೇಮ್‌ಗೆ ಮೂರು ವಾರ ಅಲೆದೆ.

ಸಿಂಹಗಡ ರಸ್ತೆ ಕಡೆ ನದಿ ಪಕ್ಕ ಬೇಸ್‌ಮೆಂಟಿನಲ್ಲಿ ಗಾಡಿ ನಿಲ್ಲಿಸುವವರು ಎಂಜಿನ್ ಪ್ರೊಟೆಕ್ಟ್ (ಎಂಜಿನ್ ಹಾನಿಗೆ ಪಾಲಿಸಿಯ ಜೊತೆ ಕೊಳ್ಳುವ ಹೆಚ್ಚುವರಿ ರಕ್ಷಣೆ) ಸೇರಿಸಿಕೊಳ್ಳಿ. ನೀರು ಹೊಕ್ಕ ಎಂಜಿನ್ ಸ್ಟಾರ್ಟ್ ಮಾಡಿ ಕೆಟ್ಟರೆ ಸಾದಾ ಪಾಲಿಸಿಯಲ್ಲಿ ದುಡ್ಡು ಸಿಗುವುದು ಕಷ್ಟ.

ನವೀಕರಣ ಹತ್ತಿರ ಇರುವವರು ಕೊಟೇಶನ್ ಇಲ್ಲಿ ಹಾಕಿ, ನಂಬರ್ ಮುಚ್ಚಿ.