ಹತ್ತು ಕಡೆ ಕೈ ಹಾಕುವ ತಂಗಿಗೆ

ಪ್ರೀತಿಯ ತಂಗಿ,

ಕತೆ ಬರೆಯುತ್ತೀಯ, ಸೀರಿಯಲ್‌ಗೆ ಸಂಭಾಷಣೆ ಬರೆಯುತ್ತೀಯ, ಜೊತೆಗೆ ಪತ್ರಿಕೆಗೆ ಸಿನಿಮಾ ವಿಮರ್ಶೆ ಬೇರೆ. ಹೀಗಾದರೆ ಯಾವುದೂ ದಕ್ಕುವುದಿಲ್ಲ, ಒಂದನ್ನೇ ಹಿಡಿ ಅಂತ ಎಲ್ಲರೂ ಹೇಳುತ್ತಿದ್ದಾರೆ ಅಲ್ವಾ? ನಾನು ಹಾಗೆ ಹೇಳುವುದಿಲ್ಲ. ಫಿನ್ಲೆಂಡಿನ ಬರಹಗಾರ, ಸಿನಿಮಾ ನಿರ್ದೇಶಕ ಯೋರ್ನ್ ಡೊನ್ನರ್ ಬಗ್ಗೆ ನೀನು ತಿಳಿದುಕೊಳ್ಳಬೇಕು.

ಅವರು ಹುಟ್ಟಿದ್ದು 1933ರಲ್ಲಿ, ಹೆಲ್ಸಿಂಕಿಯಲ್ಲಿ. ಮನೆಮಾತು ಸ್ವೀಡಿಷ್, ಅಂದರೆ ತಮ್ಮ ದೇಶದಲ್ಲೇ ಅಲ್ಪಸಂಖ್ಯಾತರು. ಅಪ್ಪ ಕಾಯ್ ಡೊನ್ನರ್ ಸೈಬೀರಿಯಾ ಸುತ್ತಿ ಅಲ್ಲಿನ ಭಾಷೆಗಳನ್ನು ಅಧ್ಯಯನ ಮಾಡಿದವರು. ಮಗನಿಗೆ ಎರಡು ವರ್ಷವಾಗಿದ್ದಾಗಲೇ ತೀರಿಕೊಂಡರು. ಮಗ ಬರಹಗಾರನಾದ. 1958ರಲ್ಲಿ ಬರ್ಲಿನ್ ಬಗ್ಗೆ ಒಂದು ಪುಸ್ತಕ ಬರೆದರು. ಆ ನಗರವನ್ನು ಎರಡಾಗಿ ಸೀಳಿದ ಗೋಡೆ ಆಗಿನ್ನೂ ಎದ್ದಿರಲಿಲ್ಲ, ಅದು ಎದ್ದಿದ್ದು 1961ರಲ್ಲಿ.

ನನಗೆ ಜಾಸ್ತಿ ಇಷ್ಟವಾಗುವುದು ಅದರ ನಂತರದ ಸಂಗತಿ. ಬಂದೂಕು ಹಿಡಿಯಲು ಒಪ್ಪದ ಡೊನ್ನರ್ ಕಡ್ಡಾಯ ಸೇನಾ ಸೇವೆಯ ಬದಲು ಪೋರಿ ಎಂಬ ಊರಿನ ಆಸ್ಪತ್ರೆಯಲ್ಲಿ ಕೆಲಸ ಮಾಡಬೇಕಾಯಿತು. ಬೇರೆ ಯಾರಾದರೂ ಆಗಿದ್ದರೆ ಆ ಕಾಲ ಹಾಳಾಯಿತು ಅಂತ ಕೊರಗುತ್ತಿದ್ದರೇನೋ. ಅವರು ಅಲ್ಲಿ ಕಂಡದ್ದನ್ನು ದಿನಚರಿಯಂತೆ ಬರೆದರು. 1960ರಲ್ಲಿ ಅದೇ ಪುಸ್ತಕವಾಯಿತು. ಸೀರಿಯಲ್ ಸೆಟ್ಟಿನಲ್ಲಿ ಸುಮ್ನೆ ಕಾಯುತ್ತಾ ಕೂರುವುದೇ ಆಯಿತು ಅಂತ ಬೇಜಾರು ಮಾಡಿಕೊಂಡಿದ್ದೀಯಲ್ಲ, ಆ ಹೊತ್ತಿನಲ್ಲಿ ನಿನ್ನ ಕಣ್ಣೆದುರು ಏನೆಲ್ಲ ನಡೆಯುತ್ತದೆ ನೋಡಿದ್ದೀಯಾ?

1963ರಲ್ಲಿ ಅವರ ಮೊದಲ ಕಥಾಚಿತ್ರಕ್ಕೆ ವೆನಿಸ್ ಚಿತ್ರೋತ್ಸವದಲ್ಲಿ ಚೊಚ್ಚಲ ಚಿತ್ರದ ಪ್ರಶಸ್ತಿ ಬಂತು. ಮುಂದಿನ ಚಿತ್ರದ ನಟನೆಗೆ ಹ್ಯಾರಿಯೆಟ್ ಆಂಡರ್ಸನ್ ಅಲ್ಲೇ ಅತ್ಯುತ್ತಮ ನಟಿ ಎನಿಸಿಕೊಂಡರು. ಆಮೇಲೆ ಡೊನ್ನರ್ ತಾವೇ ನಿರ್ದೇಶಿಸಿ, ತಾವೇ ನಟಿಸಿದ ಚಿತ್ರಗಳು ಬಂದವು. ಅವುಗಳಲ್ಲಿ ನನಗೆ ಅಷ್ಟು ಜೀವ ಕಾಣುವುದಿಲ್ಲ.

ಇನ್ನೊಂದು ದಾರಿ ನೋಡು. 1962ರಲ್ಲೇ ಅವರು ಸ್ವೀಡನ್ನಿನ ಹೆಸರಾಂತ ನಿರ್ದೇಶಕ ಇಂಗ್ಮರ್ ಬರ್ಗ್‌ಮನ್ ಸಿನಿಮಾಗಳ ಮೇಲೆ ಒಂದು ಪುಸ್ತಕ ಬರೆದಿದ್ದರು. 1976ರಲ್ಲಿ ತೆರಿಗೆ ವಿಚಾರವಾಗಿ ಪೊಲೀಸರು ಬರ್ಗ್‌ಮನ್‌ರನ್ನು ನಾಟಕದ ರಿಹರ್ಸಲ್‌ನಿಂದಲೇ ಕರೆದುಕೊಂಡು ಹೋದರು. ಕೇಸು ಬಿದ್ದುಹೋಯಿತು, ಆದರೆ ನೊಂದ ಬರ್ಗ್‌ಮನ್ ದೇಶ ಬಿಟ್ಟು ಜರ್ಮನಿಯ ಮ್ಯೂನಿಕ್‌ಗೆ ಹೋದರು. 1978ರಲ್ಲಿ ಸ್ವೀಡಿಷ್ ಫಿಲ್ಮ್ ಇನ್‌ಸ್ಟಿಟ್ಯೂಟಿನ ಮುಖ್ಯಸ್ಥರ ಕುರ್ಚಿಗೆ ಡೊನ್ನರ್ ಬಂದರು. ಬರ್ಗ್‌ಮನ್ 'ಫ್ಯಾನಿ ಅಂಡ್ ಅಲೆಕ್ಸಾಂಡರ್' ಮಾಡಲು ಹೊರಟಾಗ ಅದರ ಬೆನ್ನಿಗೆ ನಿಂತ ನಿರ್ಮಾಪಕ ಇವರೇ. ಸ್ವೀಡನ್, ಫ್ರಾನ್ಸ್, ಜರ್ಮನಿ, ಮೂರೂ ಕಡೆಯ ದುಡ್ಡು ಸೇರಿ ಸಿನಿಮಾ ಸ್ವೀಡನ್ನಿನಲ್ಲೇ ತಯಾರಾಯಿತು. 1984ರಲ್ಲಿ ಅದಕ್ಕೆ ನಾಲ್ಕು ಆಸ್ಕರ್ ಬಂದವು. ಬರ್ಗ್‌ಮನ್ ಹೋಗಿರಲಿಲ್ಲ. ವಿದೇಶಿ ಚಿತ್ರದ ಪ್ರಶಸ್ತಿ ತೆಗೆದುಕೊಳ್ಳಲು ವೇದಿಕೆ ಹತ್ತಿದ್ದು ಅವರ ಹೆಂಡತಿ ಇಂಗ್ರಿಡ್ ಮತ್ತು ಡೊನ್ನರ್.

ಆ ಸಿನಿಮಾಕ್ಕಾಗಿ ಅಷ್ಟು ಓಡಾಡುವ ಧೈರ್ಯ ಅವರಿಗೆ ಎಲ್ಲಿಂದ ಬಂತು? ಹಿಂದೆ ಬರ್ಗ್‌ಮನ್ ಚಿತ್ರಗಳನ್ನು ಕೂತು ನೋಡಿ, ಅವುಗಳ ಬಗ್ಗೆ ಯೋಚಿಸಿ ಬರೆದದ್ದರಿಂದಲೇ ಅಂತ ನನ್ನ ನಂಬಿಕೆ. ಅದಕ್ಕೇ ಹೇಳುತ್ತೇನೆ, ವಿಮರ್ಶೆ ಬಿಡಬೇಡ. ಆದರೆ ಈಗ ಬರೆಯುತ್ತಿರುವ ಹಾಗೆ ರಾತ್ರಿ ಶೋ ನೋಡಿ ಬೆಳಗ್ಗೆ ಕಳಿಸಿಬಿಡಬೇಡ. ಹೋದ ವಾರದ್ದರಲ್ಲಿ ಅರ್ಧ ಬರೀ ಕತೆಯ ಸಾರಾಂಶ. ಯಾವ ದೃಶ್ಯ ನಿನ್ನನ್ನು ಹಿಡಿದು ಕೂರಿಸಿತು, ಯಾಕೆ ಅನ್ನೋದು ಎಲ್ಲೂ ಇಲ್ಲ.

ಆಸ್ಕರ್ ಬಂದ ಮರುವರ್ಷ, 1985ರಲ್ಲಿ, ಡೊನ್ನರ್ ಕಾದಂಬರಿಯೊಂದಕ್ಕೆ ಫಿನ್ಲೆಂಡಿನ ದೊಡ್ಡ ಸಾಹಿತ್ಯ ಪ್ರಶಸ್ತಿ ಫಿನ್ಲಾಂಡಿಯಾ ಬಂತು. ಆಮೇಲೆ ಸಂಸತ್ತಿನಲ್ಲೂ ಕೂತರು, ಯುರೋಪಿಯನ್ ಪಾರ್ಲಿಮೆಂಟಿಗೂ ಹೋದರು. 2020ರಲ್ಲಿ ತೀರಿಕೊಳ್ಳುವ ಹೊತ್ತಿಗೆ ಐವತ್ತಕ್ಕೂ ಹೆಚ್ಚು ಪುಸ್ತಕ ಬರೆದಿದ್ದರು. ಎಲ್ಲೇ ಹೋದರೂ ಬರೆಯುವುದನ್ನು ಮಾತ್ರ ಬಿಡಲಿಲ್ಲ. ನಿನ್ನ ವಿಷಯದಲ್ಲಿ ನನಗೆ ಚಿಂತೆ ಇರುವುದು ಇಲ್ಲೇ. ಆರು ತಿಂಗಳಿಂದ ಒಂದೂ ಕತೆ ಬರೆದಿಲ್ಲ ಅಂದೆಯಲ್ಲ, ಅದು ಸರಿಯಲ್ಲ. ಸೆಟ್ಟಿಗೆ ಹೊರಡುವ ಮೊದಲು ಒಂದು ಗಂಟೆ ಕತೆಗೆ ಅಂತ ಎತ್ತಿಡು.

ಶೂಟಿಂಗ್ ಮನೆಯಲ್ಲಿ ನೂರು ಜನಕ್ಕೆ ಊಟ ಬಡಿಸುವ ಅಮ್ಮನ ಬಗ್ಗೆ ನೀನು ಎರಡೇ ಸಾಲು ಬರೆದಿದ್ದೆ. ಮುಂದಿನ ಕಾಗದದ ಜೊತೆ ಅವರ ಬಗ್ಗೆ ನಾಲ್ಕು ಪುಟ ಬರೆದು ಕಳಿಸು. ಓದಿ, ತಪ್ಪು ತಿದ್ದಿ ಕಳಿಸುತ್ತೇನೆ.

ನಿನ್ನ ಅಕ್ಕ