ನ್ಯೂಯಾರ್ಕ್‌ನಿಂದ ಮರಳಿ ಬಂದ ಪಾದ್ರಿ

ಮಾನ್ಯ ಸಂಪಾದಕರೇ,

ಏಪ್ರಿಲ್ 9 ಬಂದಾಗಲೆಲ್ಲ ನನಗೆ ಡೀಟ್ರಿಖ್ ಬಾನ್‌ಹೋಫರ್ ನೆನಪಾಗುತ್ತಾರೆ. 1945ರ ಆ ದಿನ ಫ್ಲಾಸೆನ್‌ಬರ್ಗ್ ಯಾತನಾ ಶಿಬಿರದಲ್ಲಿ ನಾಜಿಗಳು, ಹಿಟ್ಲರನನ್ನು ವಿರೋಧಿಸಿದ್ದ ಈ ಜರ್ಮನ್ ಪಾದ್ರಿಯನ್ನು ಗಲ್ಲಿಗೇರಿಸಿದರು. ವಯಸ್ಸು ಬರೀ 39. 1939ರಲ್ಲಿ ಅವರು ನ್ಯೂಯಾರ್ಕ್‌ನಲ್ಲಿದ್ದರು. ಸುಮ್ನೆ ಅಲ್ಲೇ ಉಳಿದುಬಿಡಬಹುದಿತ್ತು, ಅಲ್ವಾ? ಆದರೆ ಕೆಲವೇ ವಾರಗಳಲ್ಲಿ ಜರ್ಮನಿಗೆ ಮರಳಿದರು. ಜನರ ಕಷ್ಟದಲ್ಲಿ ಜೊತೆಗಿರದಿದ್ದರೆ, ಯುದ್ಧ ಮುಗಿದ ಮೇಲೆ ದೇಶ ಕಟ್ಟುವ ಹಕ್ಕು ತನಗಿಲ್ಲ ಎಂದುಕೊಂಡರು. ತನಗೆ ಪಾಪ ಅಂಟದಂತೆ ನೋಡಿಕೊಂಡರೆ ಸಾಲದು, ಬೇರೆಯವರಿಗಾಗಿ ಹೊಣೆ ಹೊರಬೇಕು ಎಂಬುದು ಅವರ ನಂಬಿಕೆ. ನೀತಿಯ ಬಗ್ಗೆ ಬರೆಯುತ್ತಿದ್ದ ಪುಸ್ತಕ 1943ರ ಬಂಧನದಿಂದ ಅರ್ಧಕ್ಕೇ ನಿಂತಿತು. 1934ರಲ್ಲಿ ಗಾಂಧೀಜಿಯೇ ಬಾನ್‌ಹೋಫರ್ ಅವರನ್ನು ತಮ್ಮ ಆಶ್ರಮಕ್ಕೆ ಕರೆದಿದ್ದರು. ಬರಲಾಗಲಿಲ್ಲ. ನನಗೆ ಅದೇ ಜಾಸ್ತಿ ಕಾಡುತ್ತದೆ. ದಯವಿಟ್ಟು ಇವರ ಬಗ್ಗೆ ಒಂದು ಲೇಖನ ಪ್ರಕಟಿಸಿ.

– ಒಬ್ಬ ಓದುಗ, ಮೈಸೂರು