ಸಿನಿಮಾಕ್ಕೆ ಹೊರಟ ಮಗಳಿಗೆ

ಪ್ರೀತಿಯ ಪುಟ್ಟೀ,

ದೊಡ್ಡಮ್ಮನ ಆಶೀರ್ವಾದಗಳು. ನಿನಗೆ ಸಿನಿಮಾದಲ್ಲಿ ಪಾತ್ರ ಸಿಕ್ಕಿತೆಂದು ನಿಮ್ಮಮ್ಮ ಫೋನಿನಲ್ಲಿ ಹೇಳಿದಾಗ ನನ್ನ ಕಣ್ಣು ತುಂಬಿ ಬಂತು. ಆರು ವರ್ಷ ತಾಲೀಮು ಮಾಡಿದ್ದು ಸಾರ್ಥಕವಾಯಿತು. ಆದರೆ ಇನ್ನು ನಾಟಕ ಸಾಕು, ತಂಡಕ್ಕೆ ಹೋಗುವುದಿಲ್ಲ ಅಂದೆಯಂತೆ. ಆ ಮಾತು ಕೇಳಿದ ಮೇಲೆ ಬರೆಯದೆ ಇರಲಾಗಲಿಲ್ಲ.

ಕ್ಯಾಮೆರಾ ಮುಂದೆ ನೀನು ಹೊಸಬಳು, ಅದನ್ನು ಒಪ್ಪಿಕೊಂಡೇ ಹೋಗು. ನನ್ನ ಮೊದಲ ಶಾಟ್‌ನಲ್ಲಿ ಮಗ ಸತ್ತ ಸುದ್ದಿ ಬರುತ್ತದೆ. ಕೊನೇ ಸಾಲಿನವರಿಗೂ ಕೇಳಬೇಕೆನ್ನುವ ನಾಟಕದ ರೂಢಿಯಲ್ಲಿ ಎದೆ ಬಡಿದುಕೊಂಡು ಅತ್ತೆ. ನಿರ್ದೇಶಕರು ಕಟ್ ಹೇಳಿ ಹತ್ತಿರ ಬಂದರು. 'ಅಮ್ಮಾ, ಕ್ಯಾಮೆರಾ ಮೂರೇ ಅಡಿ ದೂರದಲ್ಲಿದೆ. ನೀವು ಸುದ್ದಿ ಕೇಳಿಸಿಕೊಂಡರೆ ಸಾಕು' ಅಂದರು. ಎರಡನೇ ಟೇಕ್‌ನಲ್ಲಿ ಕೈಯಲ್ಲಿದ್ದ ಲೋಟವನ್ನು ಮೇಜಿನ ಮೇಲಿಡಲು ಹೋದೆ, ಇಡಲು ಆಗಲೇ ಇಲ್ಲ. ಕೈ ಅಲ್ಲೇ ನಿಂತಿತು. ಆ ಟೇಕ್ ಓಕೆ ಆಯಿತು.

ಇನ್ನೊಂದು ಕಷ್ಟ, ಕ್ಲೈಮ್ಯಾಕ್ಸನ್ನು ಮೊದಲ ದಿನವೇ ತೆಗೆದರೂ ತೆಗೆದಾರು. ರಂಗದ ಮೇಲೆ ಎರಡು ಗಂಟೆ ಏರುತ್ತಾ ಬರುವ ದುಃಖವನ್ನು ಇಲ್ಲಿ ಬೆಳಗ್ಗೆ ಎಂಟಕ್ಕೇ ತರಬೇಕು. ಅದಕ್ಕೇ ನಿನ್ನ ದೃಶ್ಯಗಳನ್ನೆಲ್ಲ ಕಥೆಯ ಕ್ರಮದಲ್ಲಿ ಒಂದು ನೋಟ್‌ಬುಕ್ಕಿಗೆ ಇಳಿಸಿಕೋ. ಪ್ರತಿ ದೃಶ್ಯದ ಮೇಲೆ ಆ ಹೆಂಗಸು ಎಲ್ಲಿಂದ ಬಂದಳು, ಈಗಷ್ಟೇ ಏನು ಕೇಳಿದಳು ಎಂದು ಒಂದು ಸಾಲು ಬರೆ. ನಾನು ಕೊನೆಯವರೆಗೂ ಹೀಗೇ ಮಾಡಿದೆ.

ಈಗ ನಾಟಕ ಬಿಡುವ ಮಾತು. ಮೊದಲ ಸಿನಿಮಾದಲ್ಲಿ ಯಾವ ಪಾತ್ರ ಜನಕ್ಕೆ ಹಿಡಿಸುತ್ತದೋ ಅದನ್ನೇ ಮತ್ತೆ ಹತ್ತು ಸಲ ಕೊಡುತ್ತಾರೆ. ಉಮಾಶ್ರೀಯವರನ್ನು ನೋಡು. 1984ರ 'ಅನುಭವ'ದ ನಂತರ ಅವರಿಗೆ ಬಂದದ್ದರಲ್ಲಿ ಹಾಸ್ಯಪಾತ್ರಗಳೇ ಹೆಚ್ಚು. ಅದೇ ನಟಿ ರಂಗದ ಮೇಲೆ 'ಒಡಲಾಳ' ನಾಟಕದ ಬಡ ಮುದುಕಿ ಸಾಕವ್ವ ಆಗಿದ್ದರು. 'ಗುಲಾಬಿ ಟಾಕೀಸ್'ಗಾಗಿ 2007ನೇ ಸಾಲಿನ ಶ್ರೇಷ್ಠ ನಟಿ ರಾಷ್ಟ್ರಪ್ರಶಸ್ತಿ ಬಂದಾಗ ಸಿನಿಮಾದವರಿಗೆ ಆಶ್ಚರ್ಯವಾಗಿರಬಹುದು, ಸಾಕವ್ವನನ್ನು ನೋಡಿದ್ದ ನನಗೆ ಆಗಲಿಲ್ಲ. ಬಿ. ಜಯಶ್ರೀಯವರು ಸಿನಿಮಾದಲ್ಲಿ ನಟಿಸಿದರು, ಹಾಡಿದರು, ಬೇರೆ ನಟಿಯರಿಗೆ ಕಂಠದಾನವನ್ನೂ ಮಾಡಿದರು. ತಾತ ಗುಬ್ಬಿ ವೀರಣ್ಣನವರ ಕಂಪನಿಯಿಂದ ಬಂದ ರಂಗವನ್ನು ಮಾತ್ರ ಬಿಡಲಿಲ್ಲ, 1976ರಲ್ಲಿ 'ಸ್ಪಂದನ' ಎಂಬ ಸ್ವಂತ ತಂಡವನ್ನೇ ಕಟ್ಟಿದರು. ಸಿನಿಮಾದಲ್ಲಿ ನಿನ್ನ ಪಾತ್ರವನ್ನು ಇನ್ನೊಬ್ಬರು ಆರಿಸುತ್ತಾರೆ ಮಗಳೇ. ಮೂವತ್ತೈದು ದಾಟಿದ ಮೇಲೆ ನಾಯಕನ ತಾಯಿಯಾಗು ಅನ್ನುವವರೂ ಅವರೇ. ನಾಟಕದಲ್ಲಾದರೆ ನಿನಗೆ ಬೇಕಾದ ಪಾತ್ರವನ್ನು ನೀನೇ ಎತ್ತಿಕೊಳ್ಳಬಹುದು.

ದುಡ್ಡಿನ ಮಾತು ಬಾಯಲ್ಲಿ ಮುಗಿಸಬೇಡ. ಎಷ್ಟು ದಿನದ ಕಾಲ್‌ಶೀಟ್, ಡಬ್ಬಿಂಗ್ ಸಂಭಾವನೆ ಅದರಲ್ಲೇ ಸೇರಿದೆಯೇ, ರಾತ್ರಿ ಶೂಟಿಂಗ್ ಮುಗಿದರೆ ಮನೆಗೆ ಯಾರು ಬಿಡುತ್ತಾರೆ, ಎಲ್ಲವೂ ಕರಾರಿನಲ್ಲಿರಲಿ. ನನಗೆ ಒಂದು ಚಿತ್ರದ ಕೊನೆಯ ಕಂತು ಇವತ್ತಿಗೂ ಬಂದಿಲ್ಲ, ಕೇಳಲು ನನ್ನ ಹತ್ತಿರ ಒಂದು ಚೀಟಿಯೂ ಇರಲಿಲ್ಲ.

ಕತೆ ಹೇಳುತ್ತೇವೆ ಬಾ ಎಂದು ಹೋಟೆಲ್ ಕೋಣೆಗೆ ಕರೆದರೆ ಹೋಗಬೇಡ, ಆಫೀಸಿನಲ್ಲೇ ಕೇಳುತ್ತೇನೆ ಅನ್ನು. ಅವಕಾಶ ತಪ್ಪಿದರೆ ತಪ್ಪಲಿ. ಮಲಯಾಳಂ ಚಿತ್ರರಂಗದಲ್ಲಿ ಹೆಣ್ಣುಮಕ್ಕಳು ಪಡುವ ಪಾಡಿನ ಬಗ್ಗೆ 2024ರಲ್ಲಿ ಹೊರಬಂದ ಹೇಮಾ ಸಮಿತಿ ವರದಿಯನ್ನು ಒಮ್ಮೆ ಓದು. ಹತ್ತು ಜನ ಅಥವಾ ಹೆಚ್ಚು ಮಂದಿ ದುಡಿಯುವ ಕಡೆ ಲೈಂಗಿಕ ಕಿರುಕುಳದ ದೂರು ಕೇಳುವ ಆಂತರಿಕ ಸಮಿತಿ ಇರಲೇಬೇಕೆಂದು 2013ರ ಕಾನೂನು ಹೇಳುತ್ತದೆ. ಸೆಟ್‌ಗೆ ಕಾಲಿಡುವ ಮೊದಲೇ ಅದರಲ್ಲಿ ಯಾರಿದ್ದಾರೆಂದು ಕೇಳು. ಕೇಳಿದ್ದಕ್ಕೆ ಮುಖ ಸಿಂಡರಿಸಿದರೆ ನನಗೆ ಫೋನ್ ಮಾಡು, ಎಷ್ಟು ಹೊತ್ತಾಗಿದ್ದರೂ ಸರಿ.

ತಂಡದವರಿಗೆ ಇನ್ನೂ ಏನೂ ಹೇಳಿಲ್ಲ ತಾನೇ? ಹೇಳಬೇಡ. ಸ್ಕ್ರಿಪ್ಟ್ ಕೈಗೆ ಬಂದ ಕೂಡಲೇ ಇಲ್ಲಿಗೆ ತೆಗೆದುಕೊಂಡು ಬಾ. ಎದುರಿನ ಪಾತ್ರ ನಾನು ಓದುತ್ತೇನೆ.

ಇತಿ,
ನಿನ್ನ ದೊಡ್ಡಮ್ಮ